ಹಳೆಯ ಅನಿಮೆ ಸರಣಿಗಳನ್ನು ಕಳ್ಳ ಸೈಟುಗಳ ಗೊಡವೆಯಿಲ್ಲದೆ ಎಲ್ಲಿ ನೋಡಬಹುದು?

ಹಳೆಯ ಅನಿಮೆ (ಜಪಾನಿನ ಕಾರ್ಟೂನ್) ಹುಡುಕಿದರೆ ಬರೀ ಕಳ್ಳ ಸೈಟುಗಳೇ ಸಿಗುತ್ತವೆ, ಫೋನಿಗೆ ಏನಾದರೂ ಆದೀತು ಅಂತ ಭಯ ಎಂದು ಬರೆದಿದ್ದೀರಿ. ನಿಮ್ಮ ಭಯ ಸರಿಯಾದದ್ದೇ. ನನ್ನ ತಮ್ಮ ಅಂಥದ್ದೊಂದು ಸೈಟಿನಲ್ಲಿ ಪ್ಲೇ ಒತ್ತಿದ. ವಿಡಿಯೊ ಬರಲಿಲ್ಲ, 'ನೀವು ರೋಬೊ ಅಲ್ಲ ಅಂತ ತೋರಿಸಲು ಅಲೋ ಒತ್ತಿ' ಅಂತ ಬಂತು. ಒತ್ತಿದ. ಅವತ್ತಿಂದ ಫೋನಿನ ತುಂಬ 'ನಿಮ್ಮ ಫೋನಿನಲ್ಲಿ ವೈರಸ್ ಇದೆ' ಅನ್ನೋ ಸುಳ್ಳು ನೋಟಿಫಿಕೇಶನ್. ಕ್ರೋಮ್ ಸೆಟ್ಟಿಂಗ್ಸ್‌ನಲ್ಲಿ ಆ ಸೈಟಿಗೆ ಕೊಟ್ಟ ಅನುಮತಿ ತೆಗೆದ ಮೇಲೇ ಅದು ನಿಂತಿದ್ದು. ವಿಡಿಯೊ ನೋಡೋಕೆ ನೋಟಿಫಿಕೇಶನ್ ಅನುಮತಿ ಬೇಕಿಲ್ಲ, ಆ್ಯಪ್ ಹಾಕಿಸುವ ಎಪಿಕೆ ಫೈಲೂ ಬೇಕಿಲ್ಲ. ಯಾವುದಾದರೂ ಸೈಟು ಇವನ್ನು ಕೇಳಿದರೆ ಟ್ಯಾಬ್ ಮುಚ್ಚಿಬಿಡಿ.

ನಾನು ಹುಡುಕೋದು ಜಸ್ಟ್‌ವಾಚ್ ಅನ್ನೋ ಸೈಟಿನಲ್ಲಿ. ದೇಶ ಭಾರತ ಅಂತ ಇಟ್ಟು ಸರಣಿಯ ಹೆಸರು ಹಾಕಿದರೆ ಅದು ಇಲ್ಲಿ ಯಾವ ಸೇವೆಯಲ್ಲಿದೆ ಅಂತ ತೋರಿಸುತ್ತದೆ. ಹೆಚ್ಚಿನ ಸಲ ಅನಿಮೆಗೆಂದೇ ಇರುವ ಕ್ರಂಚಿರೋಲ್ ಅಥವಾ ನೆಟ್‌ಫ್ಲಿಕ್ಸ್ ಅಂತ ಬರುತ್ತದೆ. ನಿನ್ನೆ ಇದ್ದದ್ದು ಇವತ್ತು ಇಲ್ಲದಿರಬಹುದು. ಹಕ್ಕನ್ನು ಒಂದೊಂದು ದೇಶಕ್ಕೆ, ಇಷ್ಟು ವರ್ಷ ಅಂತ ಲೆಕ್ಕ ಹಾಕಿ ಮಾರುತ್ತಾರೆ. 1995ರ ಇವಾಂಜೆಲಿಯನ್ ಸರಣಿ 2019ರಲ್ಲಿ ನೆಟ್‌ಫ್ಲಿಕ್ಸ್‌ಗೆ ಬಂದಾಗ, ಪ್ರತಿ ಕಂತಿನ ಕೊನೆಗೆ ಬರುತ್ತಿದ್ದ ಹಾಡು ಹಲವು ದೇಶಗಳಲ್ಲಿ ಇರಲೇ ಇಲ್ಲ. ಸರಣಿಯ ಹಕ್ಕೇ ಬೇರೆ, ಹಾಡಿನ ಹಕ್ಕೇ ಬೇರೆ. ಹಳೆಯ ಸರಣಿಗಳಲ್ಲಿ ಇಂಥ ತೊಡಕು ಜಾಸ್ತಿ.

ದುಡ್ಡು ಕೊಡದೆ ನೋಡಬೇಕು ಅಂದ್ರೆ ಯೂಟ್ಯೂಬ್ ಇದೆ. ಗುಂಡಮ್ ಅಂದರೆ ದೈತ್ಯ ರೋಬೊಗಳ ಯುದ್ಧದ ಅನಿಮೆ ಸರಣಿಗಳು. ಗುಂಡಮ್‌ಇನ್ಫೊ ಅನ್ನೋದು ಅವರದೇ ಚಾನೆಲ್. ಕೆಲವು ಸರಣಿಗಳನ್ನು ಸ್ವಲ್ಪ ದಿನ ಇಟ್ಟು ತೆಗೆಯುತ್ತಾರೆ, ಆಗಾಗ ನೋಡ್ತಾ ಇರಬೇಕು. ಮ್ಯೂಸ್ ಇಂಡಿಯಾ ಅನ್ನೋ ಚಾನೆಲ್ ಕೂಡ ಅಧಿಕೃತವೇ, ಆದರೆ ಅಲ್ಲಿ ಹೊಸ ಸರಣಿಗಳೇ ಹೆಚ್ಚು. ಹಕ್ಕಿಲ್ಲದೆ ಹಾಕಿದ ವಿಡಿಯೊ ಬೇಗ ಗೊತ್ತಾಗುತ್ತದೆ. ಚಿತ್ರ ಚಿಕ್ಕ ಚೌಕಟ್ಟಿನೊಳಗೆ ಇರುತ್ತದೆ, ದನಿ ಒಂಥರಾ ಕೀರಲು. ಒಮ್ಮೆ ನಾನು ನೋಡ್ತಿದ್ದ ಕಂತಿನಲ್ಲಿ ಅಂಗಡಿ ಬೋರ್ಡಿನ ಜಪಾನಿ ಅಕ್ಷರಗಳೆಲ್ಲ ಕನ್ನಡಿಯಲ್ಲಿ ಕಂಡ ಹಾಗೆ ತಿರುಗಿದ್ದವು. ಯೂಟ್ಯೂಬಿನ ತಪಾಸಣೆ ತಪ್ಪಿಸಲು ಮಾಡುವ ಉಪಾಯ ಅದು. ಅನುಮಾನ ಬಂದರೆ ಕಂಪನಿಯ ಸ್ವಂತ ವೆಬ್‌ಸೈಟಿಗೆ ಹೋಗಿ, ಅಲ್ಲಿಂದ ಈ ಚಾನೆಲ್‌ಗೆ ಲಿಂಕ್ ಇದೆಯಾ ನೋಡಿ.

ಕೆಲವು ಸರಣಿಗಳು ಭಾರತದಲ್ಲಿ ಎಲ್ಲೂ ಸಿಗೋದಿಲ್ಲ. ಆಗ ಉಳಿಯೋದು ಡಿಸ್ಕ್. ತರಿಸುವ ಮೊದಲು ಒಂದು ವಿಷಯ ಗಮನಿಸಿ. ಬ್ಲೂ-ರೇ ಡಿಸ್ಕುಗಳು ಸಾಮಾನ್ಯವಾಗಿ ತಮ್ಮ ವಲಯದ ಪ್ಲೇಯರ್‌ನಲ್ಲಿ ಮಾತ್ರ ಓಡುತ್ತವೆ. ಜಪಾನ್, ಅಮೆರಿಕದ ಬ್ಲೂ-ರೇ ಸಾಮಾನ್ಯವಾಗಿ ಎ ವಲಯದ್ದು, ಭಾರತ ಸಿ ವಲಯ. ಎಲ್ಲ ವಲಯದ ಡಿಸ್ಕನ್ನೂ ಓಡಿಸುವ ಪ್ಲೇಯರ್ ಇಲ್ಲದಿದ್ದರೆ ಸುಮ್ನೆ ದುಡ್ಡು ದಂಡ.

ಎಲ್ಲಿಂದ ಶುರು ಮಾಡಲಿ ಅಂತಲೂ ಕೇಳಿದ್ದೀರಿ. ನಾನಂತೂ 1979ರ ಮೊದಲ ಗುಂಡಮ್ ಅನ್ನುತ್ತೇನೆ. ನೋಡುವವರು ಕಡಿಮೆ ಅಂತ ಆಗ ಅದನ್ನು 43 ಕಂತಿಗೇ ನಿಲ್ಲಿಸಿದ್ದರು. ಮರುಪ್ರಸಾರದಲ್ಲಿ ಜನ ಅದನ್ನು ಕೈಹಿಡಿದರು. ಮೊದಮೊದಲು ಚಿತ್ರ ಹಳೆಯದು ಅನ್ನಿಸುತ್ತದೆ, ಬಿಡಬೇಡಿ. 12ನೇ ಕಂತಿನಲ್ಲಿ ಶತ್ರುಪಕ್ಷದ ಸೇನಾಧಿಕಾರಿ ರಂಬಾ ರಾಲ್ ಬರುವವರೆಗಾದರೂ ನೋಡಿ.