ಮರು: ಅಡಿಕೆ ಹಾಳೆ ಮೇಲೆ ಅಜ್ಜಿಯ ಫೋಟೊ, ಗುಳ್ಳೆ ಮತ್ತು ಬೂಷ್ಟು

ತೀರ್ಥಹಳ್ಳಿ ಮಳೆಯಲ್ಲಿ ಅಡಿಕೆ ಹಾಳೆಗೆ ಮೈದಾ ಅಂಟಲ್ಲಿ ಅಂಟಿಸಿದ ಅಜ್ಜಿಯ ಫೋಟೊ ಯಾಕೆ ಗುಳ್ಳೆ ಏಳುತ್ತೆ ಅಂತ ಕೇಳಿದ್ದೀರಿ. ಹಾಳೆ ತೇವ ಹೀರಿ ಉಬ್ಬುತ್ತೆ, ಒಣಗಿದಾಗ ಮುದುಡುತ್ತೆ. ಫೋಟೊ ಅಷ್ಟು ಹಿಗ್ಗಲ್ಲ. ಮೈದಾಗೆ ಬೂಷ್ಟು ಬರೋದೇ. ಅದನ್ನ ತಡೆಯೋಕೆ ಅಂತ ಮೈಲುತುತ್ತ (ತಾಮ್ರದ ಸಲ್ಫೇಟ್) ಬೆರೆಸಬೇಡಿ, ಫೋಟೊ ಕೆಡುತ್ತೆ.

ಮೂಲ ಫೋಟೊ ದಯವಿಟ್ಟು ಎತ್ತಿಡಿ. ಫೋಟೊ ಅಂಟಿಸೋ ಬದಲು ಅದರ ಪ್ರಿಂಟ್‌ನ ಚಿತ್ರ ಮಾತ್ರ ಹಾಳೆಗೆ ಇಳಿಸಿ, ಕಾಗದ ತೆಗೆದುಬಿಡಿ, ಹೀಗೆ: ಸ್ಕ್ಯಾನ್ ಮಾಡಿ, ಎಡಬಲ ತಿರುಗಿಸಿ, ಲೇಸರ್ ಪ್ರಿಂಟ್ ತೆಗೆಸಿ. ಇಂಕ್‌ಜೆಟ್ ನೀರಿಗೆ ಕದಡುತ್ತೆ. ಅಡಿಕೆ ಹಾಳೆ ನೆನೆಸಿ, ಭಾರ ಹೇರಿ ಚಪ್ಪಟೆಯಾಗಿ ಒಣಗಿಸಿ, ಎರಡೂ ಬದಿಗೆ ಅಕ್ರಿಲಿಕ್ ಮೀಡಿಯಂ (ಬಣ್ಣ ಬೆರೆಸದ ಅಕ್ರಿಲಿಕ್ ಪೇಂಟಿನಂಥದ್ದು) ಬಳಿಯಿರಿ. ಒಂದೇ ಬದಿಗಾದರೆ ಮತ್ತೆ ಸುರುಳಿ ಸುತ್ತುತ್ತೆ. ಮೇಲೆ ಜೆಲ್ ಮೀಡಿಯಂ (ಅದರದೇ ಗಟ್ಟಿ ರೂಪ) ತೆಳ್ಳಗೆ ಸವರಿ, ಪ್ರಿಂಟ್ ಬೋರಲು ಹಾಕಿ, ನಡುವಿನಿಂದ ಅಂಚಿಗೆ ಉಜ್ಜಿ ಗಾಳಿ ತೆಗೆಯಿರಿ. 24 ಗಂಟೆ ಬಿಡಿ, ಆಷಾಢದಲ್ಲಾದರೆ 48. ಆಮೇಲೆ ಒದ್ದೆ ಬೆರಳಲ್ಲಿ ಕಾಗದ ಉಜ್ಜಿ ತೆಗೆಯಿರಿ. ಕಣ್ಣು, ತುಟಿ ಹತ್ತಿರ ಕೈ ಹಗುರ ಇರಲಿ. ಅಲ್ಲಲ್ಲಿ ಸವೆದು ಹಾಳೆಯ ನಾರು ಕಂಡರೆ ತಿದ್ದಬೇಡಿ, ನೆನಪಿನ ಕೃತಿಗೆ ಅದು ಒಪ್ಪುತ್ತೆ. ಬಿಳಿ ಮಸುಕು ಕಂಡರೆ ಮಾತ್ರ ಕಾಗದ ಉಳಿದಿದೆ ಅಂತ, ಮತ್ತೆ ಒದ್ದೆ ಮಾಡಿ ಉಜ್ಜಿ.