ಲೆಸ್ಟರ್ ಯಂಗ್ ಲೇಖನ ಯಾಕೆ ವಾಪಸು ಬಂತು

ನಮಸ್ಕಾರ.

ಅಮೆರಿಕದ ಜಾಝ್ ಸಂಗೀತದಲ್ಲಿ ಸ್ವಿಂಗ್ ಎಂಬ ಶೈಲಿ ಮೆರೆದ ಕಾಲದ ಸ್ಯಾಕ್ಸೊಫೋನ್ ವಾದಕ ಲೆಸ್ಟರ್ ಯಂಗ್ ಬಗ್ಗೆ ನೀವು ಕಳಿಸಿದ ಲೇಖನವನ್ನು ಪೂರ್ತಿ ಓದಿದೆ. ಈಗಿರುವಂತೆ ಹಾಕಲು ಬರುವುದಿಲ್ಲ. 1909ರಲ್ಲಿ ಮಿಸಿಸಿಪ್ಪಿಯಲ್ಲಿ ಹುಟ್ಟಿದ್ದರಿಂದ 1959ರಲ್ಲಿ ನ್ಯೂಯಾರ್ಕಿನಲ್ಲಿ ತೀರಿಕೊಂಡವರೆಗೆ ಇಸವಿಗಳೆಲ್ಲ ಸರಿ ಇವೆ. ಆದರೆ ಆತ ಹೇಗೆ ನುಡಿಸುತ್ತಿದ್ದ ಎಂಬುದೇ ಗೊತ್ತಾಗುವುದಿಲ್ಲ. ‘ಮಾಂತ್ರಿಕ’, ‘ಗಂಧರ್ವ’ ಎಂದು ಯಾರ ಬಗ್ಗೆ ಬೇಕಾದರೂ ಬರೆಯಬಹುದು.

ನೀವು ಒಂದೇ ಸಾಲಲ್ಲಿ ದಾಟಿಸಿದ 1934ನ್ನೇ ತೆಗೆದುಕೊಳ್ಳಿ. ಫ್ಲೆಚರ್ ಹೆಂಡರ್ಸನ್ ನಡೆಸುತ್ತಿದ್ದ ಜಾಝ್ ತಂಡ ಬಿಟ್ಟು ಸ್ಯಾಕ್ಸೊಫೋನ್ ವಾದಕ ಕೋಲ್ಮನ್ ಹಾಕಿನ್ಸ್ ಯುರೋಪಿಗೆ ಹೋದ, ಆ ಜಾಗಕ್ಕೆ ಲೆಸ್ಟರ್ ಬಂದ. ಹಾಕಿನ್ಸನದು ದಪ್ಪ, ತುಂಬು ಕಂಪನದ ನಾದ. ಇವನದು ತೆಳು, ಹಗುರ, ಕಂಪನ ಇದೆಯೋ ಇಲ್ಲವೋ ಎನ್ನುವಷ್ಟು ನೇರ. ತಂಡದವರಿಗೆ ರುಚಿಸಲಿಲ್ಲ. ಹೆಂಡರ್ಸನ್‌ನ ಹೆಂಡತಿ ಲಿಯೋರಾ ಬೆಳಬೆಳಗ್ಗೆ ಹಾಕಿನ್ಸನ ರೆಕಾರ್ಡು ಹಾಕಿ, ಹೀಗೆ ನುಡಿಸೋದು ಕಲಿ ಅಂತ ಕೇಳಿಸುತ್ತಿದ್ದಳು! ಕೆಲವೇ ತಿಂಗಳಲ್ಲಿ ಲೆಸ್ಟರ್ ಹೊರಟ. ಹೋಗುವಾಗ, ಇವನನ್ನು ಕೆಲಸದಿಂದ ತೆಗೆದದ್ದಲ್ಲ ಎಂದು ಹೆಂಡರ್ಸನ್‌ನಿಂದ ಕಾಗದ ಕೇಳಿದ. ಅಂಥ ಕಾಗದ ಕೇಳುವ ಮನುಷ್ಯ ಎಂಥವನಿರಬೇಕು ಅಂತ ನಿಮಗೆ ಅನಿಸಲೇ ಇಲ್ಲವೇ? ಎರಡು ವರ್ಷದ ಮೇಲೆ, 1936ರ ನವೆಂಬರಿನಲ್ಲಿ, ಶಿಕಾಗೋದಲ್ಲಿ ಪಿಯಾನೋ ವಾದಕ ಕೌಂಟ್ ಬೇಸಿ ಇದ್ದ ಪುಟ್ಟ ತಂಡದೊಂದಿಗೆ ಮೊದಲ ರೆಕಾರ್ಡಿಂಗ್ ಮಾಡಿದ. ನಾದ ಅದೇ, ಒಂದಿಷ್ಟೂ ದಪ್ಪವಾಗಿರಲಿಲ್ಲ. ನಿಮ್ಮ ಲೇಖನ ಇಲ್ಲಿ ಹೊತ್ತು ಕಳೆಯಬೇಕಿತ್ತು.

ನಮ್ಮ ಓದುಗರಿಗೆ ಸ್ಯಾಕ್ಸೊಫೋನ್ ಅಂದರೆ ಕದ್ರಿ ಗೋಪಾಲನಾಥರು. ಅವರದು ಆಲ್ಟೊ. ಲೆಸ್ಟರನದು ಟೆನರ್, ಅದಕ್ಕಿಂತ ದೊಡ್ಡದು, ಕೆಳಗಿನ ಶ್ರುತಿಯದು. ಇಷ್ಟಾದರೂ ಹೇಳಿ.

ಸೈನಿಕನಾಗಿದ್ದ ಲೆಸ್ಟರ್ 1945ರಲ್ಲಿ ಎದುರಿಸಿದ ಕೋರ್ಟ್ ಮಾರ್ಷಲ್ ಮತ್ತು ಸೇನಾ ಸೆರೆಮನೆಯ ಭಾಗದಲ್ಲಿ ಓದುಗರ ಪರವಾಗಿ ನೀವೇ ಅತ್ತಿದ್ದೀರಿ. ಅದು ಬೇಡ. ಅಲ್ಲಿಂದ ಬಂದ ಮೇಲೆ ‘ಅವನ ಸಂಗೀತ ಸತ್ತಿತು’ ಎಂಬ ತೀರ್ಪನ್ನಂತೂ ಒಪ್ಪಲಾರೆ. 1957ರ ಡಿಸೆಂಬರಿನಲ್ಲಿ ಅಮೆರಿಕದ ಸಿಬಿಎಸ್ ಟಿವಿಯಲ್ಲಿ ಗಾಯಕಿ ಬಿಲಿ ಹಾಲಿಡೇ ಹಾಡುವಾಗ, ಸೊರಗಿಹೋದ ಲೆಸ್ಟರ್ ಎದ್ದು ಒಂದೇ ಒಂದು ಆವರ್ತ ನುಡಿಸುತ್ತಾನೆ. ಬೆರಳೆಣಿಕೆಯ ಸ್ವರಗಳು, ನಡುವೆ ಉದ್ದುದ್ದ ಬಿಡುವು. ಹಾಕಿನ್ಸನೂ ಆ ಕಾರ್ಯಕ್ರಮದಲ್ಲಿದ್ದ. ನೋಡಿ, ಆಮೇಲೆ ಆ ಮಾತು ಉಳಿಸುವುದೋ ಬಿಡುವುದೋ ತೀರ್ಮಾನಿಸಿ.

ಸಾವಿರ ಪದ ಸಾಕು. ‘ಕಲೆಗೆ ಸಾವಿಲ್ಲ’ ಎಂಬ ಕೊನೆಯ ಪ್ಯಾರಾವನ್ನು ನಾನೇ ಹೊಡೆದುಹಾಕಿದ್ದೇನೆ, ಮತ್ತೆ ಸೇರಿಸಬೇಡಿ.

ಸಂಪಾದಕ