ಫೋಟೊಗ್ರಾಫರ್ ಸಾಕ್ಷ್ಯಚಿತ್ರ ಮಾಡಹೊರಟಾಗ

ಪ್ರಶ್ನೆ: ಎಂಟು ವರ್ಷಗಳಿಂದ ಮದುವೆ ಫೋಟೊ ತೆಗೆಯುತ್ತಿದ್ದೇನೆ. ಬಿಡುವಿನಲ್ಲಿ ನಮ್ಮೂರ ಕುಂಬಾರರ ಕೆಲಸವನ್ನೂ ಫೋಟೊಗಳಲ್ಲಿ ದಾಖಲಿಸಿದ್ದೇನೆ. ಅವರ ಮೇಲೆ 15 ನಿಮಿಷದ ಸಾಕ್ಷ್ಯಚಿತ್ರ ಮಾಡುವಾಸೆ. ಪ್ರಯೋಗಕ್ಕೆ ತೆಗೆದ ವಿಡಿಯೊದಲ್ಲಿ ಟ್ಯೂಬ್‌ಲೈಟ್ ಕೆಳಗೆ ಪಟ್ಟೆಗಳು ಓಡುತ್ತವೆ, ಮಾತು ಕೇಳಿಸುವುದಿಲ್ಲ, ಶಾಟ್‌ಗಳು ಒಂದಕ್ಕೊಂದು ಕೂಡುವುದಿಲ್ಲ. ಇದನ್ನು ವೃತ್ತಿಯಾಗಿ ಮಾಡಿಕೊಳ್ಳಬಹುದೆ?

ಉತ್ತರ: ಮೂರರಲ್ಲಿ ಪಟ್ಟೆಯದೇ ಸುಲಭ. ನಮ್ಮ ವಿದ್ಯುತ್ 50 ಹರ್ಟ್ಸ್, ಹಾಗಾಗಿ ಹಳೆಯ ಟ್ಯೂಬ್‌ಲೈಟ್ ಸೆಕೆಂಡಿಗೆ 100 ಸಲ ಮಿನುಗುತ್ತದೆ. ಸ್ಟಿಲ್ ಫೋಟೊ ರೂಢಿಯಂತೆ ಶಟರ್ (ಒಂದೊಂದು ಫ್ರೇಮ್‌ಗೆ ಬೆಳಕು ಬೀಳುವ ಹೊತ್ತು) 1/500 ಸೆಕೆಂಡ್ ಇಟ್ಟರೆ ಆ ಮಿನುಗು ಪಟ್ಟೆಯಾಗಿ ಕಾಣುತ್ತದೆ. ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಡಿ. ಚಲನೆಯೂ ಕಣ್ಣಿಗೆ ಹಿತ. ಬಿಸಿಲಲ್ಲೂ ಶಟರ್ ಮುಟ್ಟಬೇಡಿ. ಸುಡುಬಿಸಿಲಿಗೆ ಐಎಸ್‌ಒ (ಬೆಳಕಿನ ಸಂವೇದನೆ) 100, 1/50ರಲ್ಲಿ ಲೆನ್ಸಿನ ಕಿಂಡಿ ಎಫ್/22ರಷ್ಟು ಕಿರಿದಾಗಬೇಕಾಗುತ್ತದೆ, ಅಗಲ ಕಿಂಡಿಯ ಎಫ್/2.8ರಲ್ಲೇ ತೆಗೆಯಬೇಕೆಂದರೆ ಆರು ಸ್ಟಾಪ್‌ನ (ಒಂದೊಂದು ಸ್ಟಾಪ್‌ಗೆ ಬೆಳಕು ಅರ್ಧವಾಗುತ್ತದೆ) ಎನ್‌ಡಿ ಫಿಲ್ಟರ್, ಅಂದರೆ ಬೆಳಕು ತಗ್ಗಿಸುವ ಗಾಜು, ಹಾಕಿ. ವೈಟ್ ಬ್ಯಾಲೆನ್ಸ್ (ಬೆಳಕಿಗೆ ತಕ್ಕಂತೆ ಬಣ್ಣ ಸರಿಪಡಿಸುವ ಸೆಟ್ಟಿಂಗ್) ಆಟೋದಲ್ಲಿದ್ದರೆ ಶಾಟ್ ನಡುವೆಯೇ ಬಣ್ಣ ಬದಲಾಗುತ್ತದೆ, ಅದನ್ನೂ ಕೈಯಾರೆ ಹೊಂದಿಸಿ.

ಹಣವಿದ್ದರೆ ಹೊಸ ಲೆನ್ಸ್ ಕೊಳ್ಳಬೇಡಿ, ಮೈಕ್ ಕೊಳ್ಳಿ. ಚಿತ್ರ ಸ್ವಲ್ಪ ಮಸುಕಾದರೂ ನೋಡುಗರು ಸಹಿಸುತ್ತಾರೆ. ಮಾತು ಕೇಳದಿದ್ದರೆ ಎದ್ದು ಹೋಗುತ್ತಾರೆ. ಕ್ಯಾಮೆರಾದ ಮೈಕ್ ಎರಡು ಮೀಟರ್ ದೂರದಿಂದ ಹಿಡಿಯುವುದು ಕೋಣೆಯ ಪ್ರತಿಧ್ವನಿಯನ್ನೇ. ಕಾಲರ್ ಮೈಕನ್ನು ಗಲ್ಲದಿಂದ ಒಂದು ಗೇಣು ಕೆಳಗೆ ಸಿಕ್ಕಿಸಿ, ಬಟ್ಟೆ ಉಜ್ಜದಂತೆ ತಂತಿಯನ್ನು ಟೇಪಿನಿಂದ ಅಂಟಿಸಿ. ಧ್ವನಿ ದಾಖಲೆಯ ಗುಣಮಟ್ಟ 48 ಕಿಲೋಹರ್ಟ್ಸ್, 24 ಬಿಟ್ ಇರಲಿ. ಧ್ವನಿ ಮೀಟರಿನಲ್ಲಿ ಜೋರು ಮಾತು ಮೈನಸ್ 12 ಡೆಸಿಬಲ್ ಸುಮಾರಿಗೆ ನಿಲ್ಲಲಿ. ಫ್ಯಾನ್ ಆರಿಸಿ, ಇಡೀ ಹೊತ್ತು ಹೆಡ್‌ಫೋನ್ ಕಿವಿಯಲ್ಲಿರಲಿ. ಮಾತು ಮುಗಿದ ಮೇಲೆ ಎಲ್ಲರೂ ಸುಮ್ಮನಿದ್ದು ಒಂದು ನಿಮಿಷ ಆ ಜಾಗದ ಮೌನವನ್ನು ದಾಖಲಿಸಿ. ಸಂಕಲನದಲ್ಲಿ ಮಾತು ಕತ್ತರಿಸಿದ ಕಡೆ ತೇಪೆಗೆ ಬೇಕಾಗುವುದು ಅದೇ.

ಶಾಟ್ ಕೂಡದಿರುವುದಕ್ಕೆ ಕಾರಣ ನಿಮ್ಮ ಒಳ್ಳೆಯ ಅಭ್ಯಾಸವೇ. ಫೋಟೊದಲ್ಲಿ ಸರಿಯಾದ ಕ್ಷಣ ಸಿಕ್ಕರೆ ಕೆಲಸ ಮುಗಿಯಿತು. ಸಿನಿಮಾಕ್ಕೆ ಅದರ ಹಿಂದು ಮುಂದೂ ಬೇಕು: ಕೈ ಮಣ್ಣಿಗೆ ಹೋಗುವುದು, ತಿಗರಿ (ಕುಂಬಾರರ ಚಕ್ರ) ತಿರುಗುವುದು, ದಾರದಿಂದ ಮಡಕೆ ಕೊಯ್ಯುವುದು, ಎತ್ತಿಡುವುದು. ಒಂದೊಂದನ್ನೂ ದೂರದಿಂದ, ಹತ್ತಿರದಿಂದ, ಮುಖದ ಮೇಲೆ ತೆಗೆಯಿರಿ. ಚೌಕಟ್ಟು ಹೊಂದಿಸಿ ಕನಿಷ್ಠ 10 ಸೆಕೆಂಡ್ ಅಲುಗದೆ ನಿಲ್ಲಿ. ಕ್ರಿಯೆ ಮುಗಿದ ಮೇಲೂ ಐದು ಸೆಕೆಂಡ್ ಕಾಯಿರಿ. ಆವಿಗೆಗೆ (ಮಡಕೆ ಸುಡುವ ಗೂಡಿಗೆ) ಬೆಂಕಿ ಹಾಕುವ ದಿನ ಇಬ್ಬರಿರಬೇಕು, ಒಬ್ಬರು ಧ್ವನಿಗೇ ಮೀಸಲು.

ಸೆಕೆಂಡಿಗೆ 100 ಮೆಗಾಬಿಟ್‌ನ ವಿಡಿಯೊ ಗಂಟೆಗೆ 45 ಜಿಬಿ ತಿನ್ನುತ್ತದೆ. ಐದು ಗಂಟೆ ತೆಗೆದರೆ 225 ಜಿಬಿ. ಎರಡು ಡಿಸ್ಕ್‌ಗೆ ನಕಲಾಗಿ, ತೆರೆದು ನೋಡುವವರೆಗೆ ಕಾರ್ಡ್ ಅಳಿಸಬೇಡಿ.

ವೃತ್ತಿಯ ಮಾತಿಗೆ ಬಂದರೆ, ಫೋಟೊ ಬಿಡಬೇಡಿ. ಮೈಸೂರಿನ ವನ್ಯಜೀವಿ ಛಾಯಾಗ್ರಾಹಕ ಜೋಡಿ ಕೃಪಾಕರ–ಸೇನಾನಿ ಸ್ಥಿರಚಿತ್ರಗಳಿಂದ ಶುರುಮಾಡಿ ಕೆನ್ನಾಯಿಗಳ (ಕಾಡುನಾಯಿಗಳ) ಸಾಕ್ಷ್ಯಚಿತ್ರಗಳವರೆಗೆ ಹೋದರು; ಒಂದೇ ಕಾಡಿಗೆ ವರ್ಷಗಟ್ಟಲೆ ಹೋಗಿಬಂದದ್ದೇ ಅವರ ಬಂಡವಾಳ. ಕುಂಬಾರರ ಮನೆಗಳಲ್ಲಿ ನಿಮಗಿರುವ ಸಲುಗೆಯೂ ಅಂಥದ್ದೇ, ಬಾಡಿಗೆಗೆ ಸಿಗುವುದಲ್ಲ. ಹೊಟ್ಟೆಪಾಡಿಗೆ ಸ್ವಯಂಸೇವಾ ಸಂಸ್ಥೆ, ವಸ್ತುಸಂಗ್ರಹಾಲಯಗಳಿಗೆ ಫೋಟೊ ಮತ್ತು ಕಿರುಚಿತ್ರ ಎರಡನ್ನೂ ಸೇರಿಸಿ ದರ ಹೇಳಿ. ಒಂದು ಎಚ್ಚರ: 1957ರ ಹಕ್ಕುಸ್ವಾಮ್ಯ ಕಾಯ್ದೆಯ 17ನೇ ಸೆಕ್ಷನ್ ಪ್ರಕಾರ, ಯಾರಾದರೂ ಹಣ ಕೊಟ್ಟು ಮಾಡಿಸಿದ ಫೋಟೊ ಮತ್ತು ಚಿತ್ರದ ಮೊದಲ ಹಕ್ಕುದಾರರು ಮಾಡಿಸಿದವರೇ, ಬೇರೆ ಒಪ್ಪಂದ ಇಲ್ಲದಿದ್ದರೆ. ಮುಂಗಡ ಪಡೆಯುವ ಮುನ್ನವೇ ಹಕ್ಕು ಯಾರದು, ಉಳಿದ ದೃಶ್ಯಗಳು ಯಾರ ಬಳಿ ಇರುತ್ತವೆ ಎಂದು ಬರೆಸಿ ಸಹಿ ಹಾಕಿಸಿಕೊಳ್ಳಿ.